ಥರ್ಡ್ ಗೇರ್ ಗುಡ್ಡದ ಡ್ರೈವರಣ್ಣ

ಡ್ರೈವರಣ್ಣ ತೀರಿಕೊಂಡ ಮೂರನೆಯ ದಿನ ಹಾಲು-ತುಪ್ಪಕ್ಕೆ ಹೋಗಿದ್ದೆ. ಸಮಾಧಿಯ ಮುಂದೆ ಬಾಳೆ ಎಲೆ ಹಾಸಿ ಅವರಿಗೆ ಇಷ್ಟವಾದದ್ದನ್ನೆಲ್ಲ ಎಡೆ ಇಟ್ಟಿದ್ದರು. ಒಗ್ಗರಣೆ ಮಂಡಕ್ಕಿ, ಮಿರ್ಚಿ, ಸ್ಟೀಲ್ ಲೋಟದಲ್ಲಿ ಟೀ, ಒಂದು ಕಟ್ಟು ಬೀಡಿ. ಎಲ್ಲರೂ ಕೈ ಮುಗಿಯುವ ಹೊತ್ತಿಗೆ ಅವರ ಹೆಂಡತಿ, ಓಣಿಯವರೆಲ್ಲ ಅಕ್ಕ ಎಂದು ಕರೆಯುವವರು, ಸೆರಗಿನೊಳಗಿಂದ ಗಂಡನ ಮಂಡಿಪಟ್ಟಿ ತೆಗೆದು ಎಲೆಯ ಪಕ್ಕ ಇಟ್ಟರು. ಹಿರಿಯರೊಬ್ಬರು, "ಇದ್ಯಾಕವ್ವ ಇಲ್ಲಿ?" ಅಂದರು.

"ಮೇಲಕ್ಕೆ ಹೋಗೋದಲ್ವೇನ್ರೀ? ಹತ್ಬೇಕಲ್ಲ. ಮಂಡಿ ಹಿಡ್ಕಂಡ್ರೆ ಅರ್ಧ ದಾರಿಗೇ ಕೂತ್ಬಿಡ್ತಾರೆ," ಎಂದು ಅಕ್ಕ ಗೊಳೋ ಎಂದು ಅತ್ತರು. ನಾನೂ ಅತ್ತೆ. ಅಳುತ್ತಾ ಅಳುತ್ತಾ ಎಲ್ಲಿಂದಲೋ ನಗು ನುಗ್ಗಿ ಬಂತು, ಸೆರಗು ಬಾಯಿಗೆ ತುರುಕಿಕೊಂಡೆ. ಪಕ್ಕದಲ್ಲಿ ನಿಂತಿದ್ದ, ಅವರ ಬಸ್ಸಿನ ಹಳೆಯ ಕಂಡಕ್ಟರ್ ಕೂಡ ಬಾಯಿಗೆ ಟವೆಲ್ ಒತ್ತಿಕೊಂಡಿದ್ದರು. ನಾವಿಬ್ಬರೂ ಬಹಳ ದುಃಖದಲ್ಲಿದ್ದೇವೆಂದು ಜನ ನಮಗೆ ನೀರು ತಂದುಕೊಟ್ಟರು.

ನಾನು ದೇವಸಮುದ್ರದ ಕಡೆಯ ಒಂದು ಹಳ್ಳಿಯ ಶಾಲೆಯಲ್ಲಿ ಪಾಠ ಹೇಳುವವಳು, ಮನೆ ಇರುವುದು ಚಳ್ಳಕೆರೆಯಲ್ಲಿ. ಅಂದರೆ ನನ್ನ ಅರ್ಧ ಆಯುಸ್ಸು ಬಸ್ಸಿನಲ್ಲೇ ಕಳೆದಿದೆ ಎಂದು ತಿಳಿಯಿರಿ. ಚಳ್ಳಕೆರೆಯಿಂದ ಹೊರಟು ಮೊಳಕಾಲ್ಮುರು, ರಾಂಪುರ ಮುಟ್ಟಿ ದೇವಸಮುದ್ರಕ್ಕೆ ಹೋಗುವ ಹಸಿರು ಪಟ್ಟೆಯ ಖಾಸಗಿ ಬಸ್ಸು ಅದು. ಅದನ್ನು ಓಡಿಸುತ್ತಿದ್ದವರೇ ಡ್ರೈವರಣ್ಣ. ನಮ್ಮ ಓಣಿಯಲ್ಲೇ, ಎರಡು ಮನೆ ಆಚೆ ಅವರ ಮನೆ. ಡ್ರೈವರ್ ಹಿಂದಿನ ಸೀಟು ನನ್ನದು. ನಾನು ಬರದೆ ಅವರು ಬಸ್ ಬಿಡುತ್ತಿರಲಿಲ್ಲ. ಆದರೆ ಅಷ್ಟು ಉಪಕಾರಕ್ಕೆ ಬದಲಾಗಿ ದಾರಿಯುದ್ದಕ್ಕೂ ಅವರ ಗುಡ್ಡಪುರಾಣ ಕೇಳಬೇಕಿತ್ತು.

ಮೊಳಕಾಲ್ಮುರು ಸೀಮೆಯ ಗುಡ್ಡಗಳನ್ನು ನೋಡಿದವರಿಗೆ ಗೊತ್ತು. ಮರವಿಲ್ಲ, ಮಂಜಿಲ್ಲ, ಯಾರೋ ಬಂಡೆಗಳನ್ನು ಲಾರಿಯಲ್ಲಿ ತಂದು ಸುರಿದು ಹಾಗೇ ಮರೆತು ಹೋದಂತೆ ಇರುತ್ತವೆ. ಊರವರು ಅವಕ್ಕೆ ಇಟ್ಟ ಹೆಸರು ಡ್ರೈವರಣ್ಣನಿಗೆ ಬೇಕಿರಲಿಲ್ಲ. ಅವರ ಹೆಸರುಗಳೇ ಬೇರೆ. ಬಸ್ಸು ಏದುಸಿರು ಬಿಡುವ ಕಡೆ ಇರುವುದು ಸೆಕೆಂಡ್ ಗೇರ್ ಗುಡ್ಡ. ಟಯರ್ ಹೋಗಿದ್ದ ಜಾಗದ್ದು ಪಂಕ್ಚರ್ ಗುಡ್ಡ. ತಿರುವು ಜಾಸ್ತಿ ಇದ್ದು ಮದುವೆ ಊಟ ಮಾಡಿದವರು ಕಿಟಕಿಯಾಚೆ ತಲೆ ಹಾಕುವ ಕಡೆ ವಾಂತಿ ಗುಡ್ಡ. ಇವೆಲ್ಲಕ್ಕಿಂತ ಅವರಿಗೆ ಪ್ರಾಣವಾಗಿದ್ದುದು ರಾಂಪುರ ದಾಟಿ ದೇವಸಮುದ್ರದ ದಾರಿಯಲ್ಲಿ ಸಿಗುವ ಥರ್ಡ್ ಗೇರ್ ಗುಡ್ಡ. ಅದರ ನೆತ್ತಿಯ ಮೇಲೆ ಒಂದು ಬಂಡೆ ಇನ್ನೊಂದು ಬಂಡೆಯ ಹೆಗಲೇರಿ ಕೂತಿದೆ. ಆ ತಿರುವು ಬಂತೆಂದರೆ, "ನೋಡ್ರೀ ಟೀಚರಮ್ಮ, ಹೆಂಗ್ ಕೂತೈತೆ ನೋಡ್ರೀ!" ಎಂದು ದಿನಾ ಹೇಳುವರು. ನಿನ್ನೆಯೂ ಹಾಗೇ ಕೂತಿತ್ತು ಎಂದು ನಾನು ದಿನಾ ಹೇಳುತ್ತಿದ್ದೆ.

ಕೆಲಸ ಬಿಟ್ಟ ದಿನ ಬಸ್ಸಿಗೆ ಹಾರ ಹಾಕಿ, ಸ್ಟೀರಿಂಗಿಗೆ ಕುಂಕುಮ ಹಚ್ಚಿ, ಮನೆಗೆ ಬಂದು ಜಗಲಿಯ ಮೇಲೆ ಕೂತರು. ಓಣಿಯವರೆಲ್ಲ, ಇನ್ನು ಆರಾಮಾಗಿರಿ ಎಂದೆವು. ಅವರು ಆರಾಮಾಗಿರಲು ತಯಾರಿರಲಿಲ್ಲ.

"ಟೀಚರಮ್ಮ, ಇಷ್ಟು ವರ್ಷ ಆ ಗುಡ್ಡ ಮೇಲೆ ನಿಂತ್ಕಂಡು ನನ್ನ ಬಸ್ ನೋಡೈತೆ. ಸಾಯೋದ್ರೊಳಗೆ ಒಂದ್ಸಲ ನಾನು ಅಲ್ಲಿ ನಿಂತ್ಕಂಡು ನನ್ನ ಬಸ್ ನೋಡ್ಬೇಕು ಕಣ್ರೀ. ಅಷ್ಟೇ. ಇನ್ನೇನೂ ಬೇಡ ನಂಗೆ."

ಮಂತ್ರಿ ಪದವಿ ಕೇಳಿದ್ದರೆ ಇಲ್ಲ ಅನ್ನಬಹುದಿತ್ತು. ಇಷ್ಟು ಸಣ್ಣ ಆಸೆಗೆ ಏನೆನ್ನುವುದು? ಒಳಗಿಂದ ಅಕ್ಕ ಮಾತ್ರ, "ದೂರದ ಬೆಟ್ಟ ನುಣ್ಣಗೆ ಅಂತ ಸುಮ್ನೆ ಅಂತಾರಾ?" ಎಂದು ಕೂಗಿದರು. "ಹತ್ರ ಹೋದ್ರೆ ತಾನೇ ಗೊತ್ತಾಗೋದು," ಎಂದು ಇವರು ಇಲ್ಲಿಂದಲೇ ಕೂಗಿದರು.

ಹೀಗೆ ನಮ್ಮ ಓಣಿಯಲ್ಲಿ ಪರ್ವತಾರೋಹಣ ಶುರುವಾಯಿತು. ಚಳ್ಳಕೆರೆಯಲ್ಲಿ ಎತ್ತರ ಅಂದರೆ ಎಣ್ಣೆ ಮಿಲ್ಲಿನ ಹೊಗೆ ಕೊಳವೆ, ಅದನ್ನು ಯಾರೂ ಹತ್ತುವುದಿಲ್ಲ. ಜನ ಗುಡ್ಡ ನೋಡಬೇಕೆಂದರೆ ಕಾರು ಮಾಡಿಕೊಂಡು ಚಿಕ್ಕಮಗಳೂರಿಗೆ ಹೋಗುತ್ತಾರೆ. ಡ್ರೈವರಣ್ಣನಿಗೆ ಅದನ್ನು ಕೇಳಿದರೇ ಮೈ ಉರಿಯುತ್ತಿತ್ತು. "ಅಲ್ಲಿಗೆ ಹೋಗಿ ಮಂಜು ನೋಡ್ಕಂಡ್ ಬರ್ತಾರೆ. ಮಂಜಿದ್ರೆ ಏನ್ರೀ ಕಾಣ್ತೈತೆ? ನಮ್ಮ ಗುಡ್ಡದಾಗೆ ಎಲ್ಲಾ ಕಾಣ್ತೈತೆ!" ಅನ್ನುವರು. ಒಂದು ಭಾನುವಾರ ಜಟಿಂಗ ರಾಮೇಶ್ವರಕ್ಕೆ ಹೋದೆವು. ಮೆಟ್ಟಿಲಿದೆ ಎಂದು ಅವರಿಗೆ ಬೇಸರವಾಯಿತು. ಇನ್ನೊಂದು ಭಾನುವಾರ ಸಿದ್ದಾಪುರದ ಹತ್ತಿರದ ಅಶೋಕನ ಶಾಸನಕ್ಕೆ ಹೋದೆವು. ಕಬ್ಬಿಣದ ಸರಳಿನಾಚೆಯಿಂದ ಅದನ್ನು ಬಹಳ ಹೊತ್ತು ನೋಡಿ, "ಅಷ್ಟು ದೊಡ್ಡ ರಾಜ ಇಲ್ಲಿ ಬೋರ್ಡ್ ಹಾಕ್ಸಿದಾನೆ ಅಂದ್ರೆ, ಆವಾಗ್ಲೇ ಇಲ್ಲೊಂದು ಸ್ಟಾಪ್ ಇತ್ತು," ಎಂದು ತೀರ್ಪು ಕೊಟ್ಟರು. ಮೇಡಂ ಆಗಿ ನಾನು ಏನಾದರೂ ಹೇಳಬೇಕಿತ್ತು. ಬಿಸಿಲು ಹೆಚ್ಚಿತ್ತು, ಬಿಟ್ಟುಬಿಟ್ಟೆ.

ಈ ದಂಡಿನಲ್ಲಿ ನಾನಿದ್ದುದು ಅಕ್ಕನ ಕಾಟಕ್ಕೆ. "ಆ ಎರಡು ಮುದುಕ್ರನ್ನೇ ಬಿಡ್ಬೇಡ ಕಣವ್ವ, ಎಲ್ಲಾದ್ರೂ ಜಗಳಾಡ್ಕಂಡು ಉರುಳಿ ಬೀಳ್ತಾವೆ," ಎಂದು ಕೈ ಹಿಡಿದುಕೊಂಡಿದ್ದರು. ಎರಡನೆಯ ಮುದುಕರು ಕಂಡಕ್ಟರ್. ಅದೇ ಬಸ್ಸಿನಲ್ಲಿ ಇವರ ಜೊತೆಗೇ ಸವೆದವರು. ಅವರದೊಂದು ಹಳೆಯ ಓಮ್ನಿ ಇತ್ತು, ಅದನ್ನು ಅವರೇ ಓಡಿಸುವರು. ಡ್ರೈವರಣ್ಣ ಪಕ್ಕದಲ್ಲಿ ಕೂತು, ಇಲ್ಲದ ಬ್ರೇಕನ್ನು ಕಾಲಲ್ಲಿ ಒತ್ತುತ್ತಾ, "ಲೇ ಲೇ ಲೇ!" ಎನ್ನುತ್ತಾ ಬರುವರು. ಅವರ ಮಂಡಿ ಹೋಗಿದ್ದು ಗುಡ್ಡದಿಂದಲ್ಲ, ಆ ಇಲ್ಲದ ಬ್ರೇಕಿನಿಂದ ಎಂದು ನಾನು ಇವತ್ತಿಗೂ ನಂಬಿದ್ದೇನೆ.

ಗುಡ್ಡದ ಮೇಲೂ ಅವರು ನಡೆಯುತ್ತಿರಲಿಲ್ಲ, ಬಸ್ ಓಡಿಸುತ್ತಿದ್ದರು. ಖಾಕಿ ಪ್ಯಾಂಟ್ ಹಾಕಿಕೊಂಡು ಮುಂದೆ ಅವರು, ನಡುವೆ ನಾನು, ಕೊನೆಯಲ್ಲಿ ಕಂಡಕ್ಟರ್. ಕಂಡಕ್ಟರ್ ಸೀಟಿ ಹೊಡೆದು ರೈಟ್ ಅನ್ನದೆ ಹೆಜ್ಜೆ ಕೀಳುವ ಹಾಗಿಲ್ಲ. ಬಂಡೆಯ ತಿರುವು ಬಂದರೆ ಬಾಯಲ್ಲಿ ಪೋಂ ಪೋಂ ಅನ್ನುವರು. ಆ ಕಡೆಯಿಂದ ಯಾರು ಬರುತ್ತಾರೆ ಅಲ್ಲಿ? ಹಲ್ಲಿ ಕೂಡ ಇರುವುದಿಲ್ಲ. ಇಳಿಜಾರು ಬಂಡೆ ಇಳಿಯುವಾಗಲಂತೂ ನೋಡಬೇಕು. ಹಿಂದಕ್ಕೆ ತಿರುಗಿ ನಾಲ್ಕು ಕಾಲಿನ ಮೇಲೆ ರಿವರ್ಸ್ ಬರುವರು. ಕೆಳಗೆ ನಿಂತ ಕಂಡಕ್ಟರ್ ಅಂಗೈಯಿಂದ ಬಂಡೆ ಬಡಿಯುತ್ತಾ, "ಬರ್ಲಿ... ಬರ್ಲಿ... ಲೆಫ್ಟ್ ಹೊಡಿ... ಬರ್ಲಿ... ಹೋಲ್ಡಾನ್!" ಅನ್ನುವರು. ಹೋಲ್ಡಾನ್ ಅಂದರೆ ಕಾಲು ಗಾಳಿಯಲ್ಲಿದ್ದರೂ ಹಾಗೇ ನಿಲ್ಲುವರು.

ಥರ್ಡ್ ಗೇರ್ ಗುಡ್ಡಕ್ಕೆ ಮೊದಲ ಸಲ ಹೋದಾಗ ಆದದ್ದು ಕೇಳಿ. ರಸ್ತೆಯ ಕಡೆಯಿಂದ ಆ ಗುಡ್ಡ ಗೋಡೆಯಂತೆ ಕಡಿದಾಗಿದೆ. ಹಾಗಾಗಿ ಸುತ್ತು ಹಾಕಿ ಹಿಂಬದಿಯಿಂದ ಹತ್ತಬೇಕು. ಸುತ್ತು ಹಾಕಿದೆವು. "ಇದೇ!" ಎಂದರು ಡ್ರೈವರಣ್ಣ. ಬೆಳಗ್ಗೆಯಿಂದ ಹತ್ತಿ, ಕೈ ಕಾಲು ತರಚಿಕೊಂಡು, ನೆತ್ತಿ ಮುಟ್ಟಿ ನೋಡಿದರೆ, ಹೆಗಲೇರಿ ಕೂತ ಆ ಜೋಡಿ ಬಂಡೆ ಎದುರಿನ ಗುಡ್ಡದ ಮೇಲೆ ತಣ್ಣಗೆ ಕೂತಿದೆ! ಆ ಮನುಷ್ಯ ಜೀವಮಾನವಿಡೀ ಆ ಗುಡ್ಡಗಳ ಮುಖವನ್ನಷ್ಟೇ ನೋಡಿದ್ದರು. ಯಾವ ಬೆನ್ನು ಯಾವ ಗುಡ್ಡದ್ದೆಂದು ಅವರಿಗೆ ಗೊತ್ತೇ ಇರಲಿಲ್ಲ. ಅಲ್ಲಿ ಕಂಬಳಿ ಹೊದ್ದು ಕುರಿ ಕಾಯುತ್ತಿದ್ದವನೊಬ್ಬ ನಮ್ಮ ಗೋಳು ಕೇಳಿ, "ಇದಿ ಕಾದು ಸಾಮೀ, ಅದಿ!" ಎಂದು ಎದುರಿಗೆ ಕೋಲು ತೋರಿಸಿ, ಇದಲ್ಲ, ಅದು ಎಂದು ಕನ್ನಡದಲ್ಲೂ ಒಮ್ಮೆ ಹೇಳಿ, ಎರಡೂ ಭಾಷೆಯಲ್ಲಿ ನಕ್ಕ. ನಮ್ಮ ಬಸ್ಸು ಅಷ್ಟು ಹೊತ್ತಿಗೆ ಆ ಗುಡ್ಡದ ಆಚೆ ಮಗ್ಗುಲಲ್ಲಿ ಹಾರ್ನ್ ಹೊಡೆದುಕೊಂಡು ಹೋಯಿತು. ಸದ್ದು ಕೇಳಿತು, ಬಸ್ಸು ಕಾಣಲಿಲ್ಲ. ಡ್ರೈವರಣ್ಣನ ಮುಖ ನೋಡಲಾಗಲಿಲ್ಲ ನನಗೆ.

ಎರಡನೆಯ ಸಲ ಗುಡ್ಡ ಸರಿಯಾದದ್ದೇ. ಅರ್ಧ ಹತ್ತಿದ್ದೆವು. ಸೀತಾಫಲದ ಪೊದೆಯ ಹಿಂದೆ ಕರ್ರಗೆ ಏನೋ ಉಸಿರಾಡುತ್ತಿತ್ತು. "ಕರಡಿ!" ಎಂದು ಕಂಡಕ್ಟರ್ ಸೀಟಿ ನುಂಗುವ ಹಾಗೆ ಕಿರುಚಿದರು. ಆ ಕಡೆ ಕರಡಿ ಇರುವುದು ನಿಜವೇ, ಆದ್ದರಿಂದ ನಾನು ಹಿಂದೆ ಮುಂದೆ ನೋಡದೆ ಚಪ್ಪಲಿ ಬಿಟ್ಟು ಓಡಿದೆ. ಡ್ರೈವರಣ್ಣ ಮಾತ್ರ ಓಡದೆ ಅದಕ್ಕೆ ಪೋಂ ಪೋಂ ಎಂದು ಹಾರ್ನ್ ಹೊಡೆದರು. ಕರಡಿ ಎದ್ದು ಕೂತು ಆಕಳಿಸಿತು.

"ಮಳ್ಳಾ ವಚ್ಚಿರಾ ಸಾಮೀ? ಮತ್ತೆ ಬಂದ್ರಾ? ಮನುಷ್ಯ ನಿದ್ದೆ ಮಾಡೋದ್ ಬ್ಯಾಡ್ವಾ?"

ಅದೇ ಕುರಿಗಾಹಿ, ಅದೇ ಕಂಬಳಿ. ಕಂಬಳಿ ಸಂತೆಯ ಚಳ್ಳಕೆರೆಯವರು ನಾವು, ಕಂಬಳಿಗೆ ಹೆದರಿ ಗುಡ್ಡ ಇಳಿದಿದ್ದೆವು! ಓಡುತ್ತಿದ್ದ ಕಂಡಕ್ಟರನ್ನು ಹಿಡಿಯಲು ಹೋಗಿ ಡ್ರೈವರಣ್ಣನ ಮಂಡಿ ಕಳಕ್ ಎಂದಿತು. ಅವರನ್ನು ಆ ಕುರಿಗಾಹಿಯೇ ಹೊತ್ತುಕೊಂಡು ಕೆಳಗಿಳಿಸಿದ.

ಡಾಕ್ಟರು ಮೆಟ್ಟಿಲು ಹತ್ತಬೇಡಿ ಎಂದರು. "ಗುಡ್ಡಕ್ಕೆ ಮೆಟ್ಟಿಲೆಲ್ಲೈತೆ ಡಾಕ್ಟ್ರೇ?" ಎಂದು ಇವರು ಸಂತೋಷದಿಂದ ಎದ್ದು ಬಂದರು. ಅಕ್ಕ ಆ ದಿನ ಅಡಿಗೆ ಮನೆಯಿಂದ ಮುದ್ದೆ ಕೋಲು ಹಿಡಿದೇ ಹೊರಗೆ ಬಂದರು. "ಇದೊಂದ್ಸಲ. ಈ ಸಲ ಹತ್ತಿದ್ರಿ ಸರಿ. ಹತ್ಲಿಲ್ವಾ, ಇನ್ನು ಈ ಮನೇಲಿ ಗುಡ್ಡ ಅನ್ನೋ ಮಾತು ಎತ್ತಂಗಿಲ್ಲ. ನಾನೂ ಬರ್ತೀನಿ, ನಡೀರಿ." ಡ್ರೈವರಣ್ಣ ಆ ವಾರವೆಲ್ಲ ಮಂಡಿಪಟ್ಟಿ ಹಾಕಿಕೊಂಡು ಓಣಿಯ ಈ ತುದಿಯಿಂದ ಆ ತುದಿಗೆ ಓಡಾಡಿದರು. ನಡುನಡುವೆ ನಿಂತು ಉತ್ತರ ದಿಕ್ಕು ನೋಡುವರು. ಈ ಸಲವೂ ಆಗದಿದ್ದರೆ ಈ ಮನುಷ್ಯ ಮೂಲೆ ಹಿಡಿಯುತ್ತಾರೆ ಅನ್ನಿಸಿತ್ತು.

ಮಳೆ ನಿಂತ ಮೇಲಿನ ಒಂದು ಭಾನುವಾರ ಹೋದೆವು. ಅಕ್ಕ ಹವಾಯಿ ಚಪ್ಪಲಿಯಲ್ಲಿ, ತಲೆಯ ಮೇಲೆ ಬುತ್ತಿಗಂಟು ಇಟ್ಟುಕೊಂಡು, ಎಲೆಯಡಿಕೆ ಜಗಿಯುತ್ತಾ ನಮ್ಮೆಲ್ಲರಿಗಿಂತ ಮುಂದೆ ಹತ್ತಿದರು. ಡ್ರೈವರಣ್ಣ, "ಓವರ್‌ಟೇಕ್ ಮಾಡ್ಬೇಡ ಕಣೇ!" ಎಂದು ಹಿಂದಿನಿಂದ ಕೂಗುತ್ತಿದ್ದರು. ಮುಕ್ಕಾಲು ಗುಡ್ಡಕ್ಕೆ ಬಂದಾಗ ಕೂತುಬಿಟ್ಟರು.

"ಇಂಜಿನ್ ಹೀಟಾಗೈತೆ."

ಅಕ್ಕ ಅವರ ತಲೆಗೆ ಒಂದು ಬಾಟಲಿ ನೀರು ಸುರಿದರು. ಇಂಜಿನ್ ಏಳಲಿಲ್ಲ. ಬಸ್ಸು ಬರುವ ಹೊತ್ತಾಗುತ್ತಿತ್ತು. ಡ್ರೈವರಣ್ಣ ಮಂಡಿ ಹಿಡಿದುಕೊಂಡು, "ನೀವು ಹೋಗ್ರಿ. ನೋಡ್ಕಂಡು ಬಂದು ಹೆಂಗಿತ್ತು ಅಂತ ಹೇಳ್ರಿ, ಸಾಕು," ಅಂದರು. ಕಂಡಕ್ಟರ್ ಅವರ ಪಕ್ಕ ದೊಪ್ಪೆಂದು ಕೂತರು. "ಲೇ, ಪ್ಯಾಸೆಂಜರ್ ಬಿಟ್ಟು ಸೀಟಿ ಹೊಡೆಯೋ ಕಂಡಕ್ಟರ್ ಅಲ್ಲ ನಾನು. ಕೂತ್ಕ. ಇಬ್ರೂ ಇಲ್ಲೇ ಕೂರಾನ."

ಅಕ್ಕನಿಗೆ ಎಲ್ಲಿತ್ತೋ ಸಿಟ್ಟು. ಎಲೆಯಡಿಕೆ ಪಿಚಕ್ಕನೆ ಉಗುಳಿ ಸೊಂಟಕ್ಕೆ ಕೈ ಇಟ್ಟರು. "ಎದ್ದೇಳ್ರಿ ಮೇಲೆ! ಜ್ವರ ಬಂದ್ರೂ ಎದ್ದು ಹೋದ್ರಿ ಆ ಬಸ್ಸಿಗೆ. ಹಬ್ಬ ಇದ್ರೂ ಹೋದ್ರಿ. ನಾನು ಹೆರಿಗೆ ನೋವು ತಿಂತಿದ್ರೂ ಒಂದು ಟ್ರಿಪ್ ಹೊಡ್ಕಂಡ್ ಬರ್ತೀನಿ ಅಂದ್ರಿ. ಈಗ ಅದೇ ಬಸ್ಸು ಬರೋ ಹೊತ್ತಿಗೆ ಕೂತ್ಕಂತೀರಾ? ನಾಚ್ಕೆ ಆಗಲ್ವಾ?"

ಡ್ರೈವರಣ್ಣ ಎದ್ದರು. ಮುಂದೆ ಅಕ್ಕ ಕೈ ಹಿಡಿದು ಎಳೆದರು, ಹಿಂದೆ ಕಂಡಕ್ಟರ್ ಕೆಟ್ಟು ನಿಂತ ಬಸ್ಸು ತಳ್ಳುವ ಹಾಗೆ ತಳ್ಳಿದರು, ನಾನು ಸೀಟಿ ಹೊಡೆದೆ. ಹಾಗೆ ಹೋಗಿ ಆ ಜೋಡಿ ಬಂಡೆಯ ಬುಡ ಮುಟ್ಟಿದೆವು. ಡ್ರೈವರಣ್ಣ ಬಂಡೆಗೆ ಕೆನ್ನೆ ಇಟ್ಟು ನಿಂತರು. ನನ್ನ ಕಣ್ಣು ತುಂಬಿ ಬಂದವು. ಗುಡ್ಡ ಕಂಡರೆ ಆಗದವಳು ನಾನು, ಆದರೂ ಅವತ್ತು ಯಾವ ದೇವಸ್ಥಾನದಲ್ಲೂ ಆಗದ ಸಂತೋಷ ನನಗಾಯಿತು.

ಕೆಳಗೆ ಶೇಂಗಾ ಹೊಲಗಳು, ಅದರಾಚೆ ಗಾಳಿಯಂತ್ರಗಳು, ನಡುವೆ ರಸ್ತೆ. ಆ ರಸ್ತೆಯಲ್ಲಿ ಧೂಳೆಬ್ಬಿಸಿಕೊಂಡು ಹಸಿರು ಪಟ್ಟೆಯ ಬಸ್ಸು ಬಂತು.

"ಬಂತು! ಬಂತ್ರೀ! ಅದೇ!" ಎಂದು ಡ್ರೈವರಣ್ಣ ಕುಣಿದರು. ಆಮೇಲೆ ಕಣ್ಣು ಕಿರಿದು ಮಾಡಿ ನೋಡಿದರು. "ಇಷ್ಟೇನಾ? ಇಷ್ಟ್ ಸಣ್ಣದಾ? ಅದ್ರೊಳಗೆ ನಾನು ಹೆಂಗೆ ಹಿಡಿಸ್ತಿದ್ದೆ ಟೀಚರಮ್ಮ?"

ಅಷ್ಟರಲ್ಲಿ ಕಂಡಕ್ಟರ್ ಬೊಟ್ಟು ಮಾಡಿ ತೋರಿಸಿದರು. ತಿರುವಿನ ಬೇವಿನ ಮರದ ಹತ್ತಿರ ಒಬ್ಬಳು ಮುದುಕಿ ಪುಟ್ಟಿ ಕೆಳಗಿಟ್ಟು ಕೈ ಎತ್ತಿ ನಿಂತಿದ್ದಳು. ಬಸ್ಸು ನಿಲ್ಲಲಿಲ್ಲ. ಆಕೆಯನ್ನು ಧೂಳಿನಲ್ಲಿ ಮುಳುಗಿಸಿ ಹೋಗಿಯೇಬಿಟ್ಟಿತು.

"ಲೇಯ್! ನಿಲ್ಸೋ! ಕೈ ಎತ್ತವ್ಳಲ್ಲೋ! ನಿಲ್ಸೋ ಲೇ!" ಡ್ರೈವರಣ್ಣ ಗುಡ್ಡ ಬಿರಿಯುವ ಹಾಗೆ ಕೂಗಿದರು. ಇಷ್ಟು ವರ್ಷ ಕಾದ ನೋಟವನ್ನು ಅಲ್ಲಿಗೇ ಬಿಟ್ಟು ಇಳಿಯಲು ಹೊರಟರು. ಮಧ್ಯಾಹ್ನದವರೆಗೆ ಈ ದಾರಿಗೆ ಇನ್ನೊಂದು ಬಸ್ಸಿಲ್ಲ, ಆ ಮುದುಕಿ ಬಿಸಿಲಿಗೆ ಸಾಯುತ್ತಾಳೆ ಎಂದು ಬೈಯುತ್ತಾ, ರಿವರ್ಸ್ ಇಲ್ಲ, ಹಾರ್ನ್ ಇಲ್ಲ, ಸೀದಾ ಇಳಿದರು. "ನಾನ್ ಯಾವತ್ತಾದ್ರೂ ಕೈ ಎತ್ತಿದೋರ್ನ ಬಿಟ್ಟು ಹೋಗಿದ್ನೇನೋ? ನೀನೇ ಹೇಳೋ!" ಎಂದು ಕಂಡಕ್ಟರನ್ನು ಕೇಳಿದರು. ಕಂಡಕ್ಟರ್ ಎಲ್ಲೋ ನೋಡುತ್ತಾ, "ಹೆಜ್ಜೆ ನೋಡ್ಕಂಡು ಇಡೋ," ಅಂದರು.

ಓಮ್ನಿ ಮರದ ಹತ್ತಿರ ಹೋದಾಗ ಅಜ್ಜಿ ನೆರಳಿನಲ್ಲಿ ಕೂತಿದ್ದಳು. ಸೀತಾಫಲದ ಪುಟ್ಟಿಯ ಸಮೇತ ಹಿಂದಿನ ಸೀಟಿನಲ್ಲಿ ನನ್ನ ಮತ್ತು ಅಕ್ಕನ ನಡುವೆ ಹತ್ತಿಸಿಕೊಂಡೆವು. ಕೂತಿದ್ದೇ ತಡ ಶುರು ಮಾಡಿದಳು. "ಈ ಡ್ರೈವರ್‌ಗೋಳಿಗೆ ಕಣ್ಣು ಇಲ್ಲೇನಪ್ಪ! ಮನುಷ್ಯರು ಅಂದ್ರೆ ಕಣ್ಣಿಗೇ ಕಾಣಲ್ಲ!"

ಡ್ರೈವರಣ್ಣ ಮುಂದಿನ ಸೀಟಿನಿಂದ ಪೂರ್ತಿ ಹಿಂದಕ್ಕೆ ತಿರುಗಿದರು. "ಹೌದು ಕಣವ್ವ! ಈಗಿನವ್ರೇ ಹಂಗೆ! ಮೊದ್ಲಿನ ಡ್ರೈವರ್ ಇದ್ದಾಗ ಚೆನ್ನಾಗಿತ್ತು, ಅಲ್ವಾ?"

"ಯಾತರ ಚೆನ್ನಾಗಿತ್ತು! ಇವ್ನೇ ವಾಸಿ. ಇವ್ನು ವಾರಕ್ಕೊಂದು ದಿನನಾದ್ರೂ ನಿಲ್ಲಿಸ್ತಾನೆ. ಮೊದ್ಲಿನೋನಿದ್ನಲ್ಲ, ಈ ತಿರುವಿಗೆ ಬಂದ ಅಂದ್ರೆ ಕತ್ತು ಮೇಲೆತ್ಕಂಡು ಆ ಗುಡ್ಡ ನೋಡ್ಕಂತಾನೇ ಹೋಗೋನು. ಕೈ ಎತ್ತಿದ್ರೂ ಕಾಣ್ತಿರ್ಲಿಲ್ಲ, ಸೆರಗು ಬೀಸಿದ್ರೂ ಕಾಣ್ತಿರ್ಲಿಲ್ಲ. ಏನಿತ್ತೋ ಆ ಗುಡ್ಡದ ಮ್ಯಾಲೆ, ಅವ್ನ ಹೆಂಡ್ರು ಕೂತಿದ್ಲೋ ಏನೋ!"

ಅಕ್ಕನ ಹೊಟ್ಟೆ ಕುಲುಕುತ್ತಿದ್ದುದು ನನಗೆ ಗೊತ್ತಾಗುತ್ತಿತ್ತು. ಕಂಡಕ್ಟರ್ ಎರಡೂ ಕೈಯಲ್ಲಿ ಸ್ಟೀರಿಂಗ್ ಹಿಡಿದು ರಸ್ತೆಯನ್ನು ಎಂದೂ ನೋಡದ ಭಕ್ತಿಯಿಂದ ನೋಡುತ್ತಿದ್ದರು. ಡ್ರೈವರಣ್ಣ ನಿಧಾನಕ್ಕೆ ಮುಂದಕ್ಕೆ ತಿರುಗಿ ಕೂತರು. ಅವರ ಕಿವಿ ಕೆಂಪಗಾಗಿದ್ದವು. ಅಜ್ಜಿ ಹಿಂದಿನಿಂದ ಅವರ ಬೆನ್ನು ತಟ್ಟಿ, "ನೀನೇನ್ ಕೆಲ್ಸ ಮಾಡ್ತೀಯಪ್ಪಾ?" ಅಂದಳು.

"ಗುಡ್ಡ ಹತ್ತೋದು ಕಣವ್ವ."

"ಅದೂ ಒಂದು ಕೆಲ್ಸನಾ? ಮುಂಚೆ ಏನೂ ಕೆಲ್ಸ ಇರ್ಲಿಲ್ವಾ?"

"ಇತ್ತವ್ವ," ಎಂದರು ಡ್ರೈವರಣ್ಣ. "ನೆಟ್ಟಗೆ ಮಾಡ್ಲಿಲ್ಲ."

ಆಮೇಲೆ ಅವರು ತಲೆ ಎತ್ತಿ ಒಂದು ಗುಡ್ಡವನ್ನೂ ನೋಡಲಿಲ್ಲ. ರಸ್ತೆಯ ಎರಡೂ ಬದಿ ಕಣ್ಣಿಟ್ಟು ಕೂತು, ಯಾರು ಕಂಡರೂ "ನಿಲ್ಸೋ!" ಎಂದರು. ಮೇವಿನ ಹೊರೆಯವಳನ್ನು ಹತ್ತಿಸಿಕೊಂಡೆವು. ಮೇಕೆಮರಿ ಹಿಡಿದುಕೊಂಡ ಗಂಡ ಹೆಂಡಿರನ್ನು ಹತ್ತಿಸಿಕೊಂಡೆವು. ಅಕ್ಕ ನನ್ನ ತೊಡೆಯ ಮೇಲೆ, ಮೇಕೆಮರಿ ಅಕ್ಕನ ತೊಡೆಯ ಮೇಲೆ. ದೇವಸಮುದ್ರ ಇನ್ನೇನು ಬಂತು ಅನ್ನುವಾಗ ಹೊಲದ ಬದುವಿನಲ್ಲಿ ಕೈ ಎತ್ತಿ ನಿಂತಿದ್ದ ಒಬ್ಬನನ್ನು ಡ್ರೈವರಣ್ಣ ತಾವೇ ಇಳಿದು ಕೈ ಹಿಡಿದು ಕರೆತಂದು ತಮ್ಮ ಸೀಟಿನಲ್ಲಿ ಒತ್ತರಿಸಿ ಕೂರಿಸಿದರು. ಊರ ಮುಂದೆ ಎಲ್ಲರೂ ಇಳಿದರು, ಅವನು ಮಾತ್ರ ಇಳಿಯಲಿಲ್ಲ.

"ನಿಂದ್ಯಾವ ಸ್ಟಾಪಣ್ಣ?" ಎಂದರು ಡ್ರೈವರಣ್ಣ ಬಹಳ ಮರ್ಯಾದೆಯಿಂದ.

"ನಂದ್ಯಾವ್ದೂ ಇಲ್ರೀ," ಅಂದ ಅವನು. "ನಾನು ತಲೆ ಕೆರ್ಕಂತಿದ್ದೆ. ಕುರಿ ಅಲ್ಲೇ ಅದಾವೆ."